ಹಳೆಯ ಗಣಕಯಂತ್ರಕ್ಕೆ ಹೊಸ ವೈ-ಫೈ ಅಡಾಪ್ಟರ್: ಕೊಳ್ಳುವ ಮುನ್ನ ತಿಳಿಯಬೇಕಾದ ಅಂಶಗಳು

ಪಟ್ಟಣದಲ್ಲಿರುವ ಮಕ್ಕಳು ಹೊಸ ಗಣಕಯಂತ್ರ ಕೊಂಡಾಗ ಹಳೆಯದು ಊರ ಮನೆಗೆ ಬರುವುದು ಈಗ ವಾಡಿಕೆಯಾಗಿದೆ. ಬೆಂಗಳೂರಿನ ಪಶ್ಚಿಮಕ್ಕಿರುವ ರಾಜರಾಜೇಶ್ವರಿನಗರವನ್ನೇ ತೆಗೆದುಕೊಳ್ಳಿ. ಕೆಂಚೇನಹಳ್ಳಿ, ಹಲಗೆವಡೇರಹಳ್ಳಿ, ಪಟ್ಟಣಗೆರೆ, ಚನ್ನಸಂದ್ರ ಮೊದಲಾದ ಹಳ್ಳಿಗಳ ಹೊಲಗಳ ಮೇಲೆ ಎದ್ದ ಈ ಬಡಾವಣೆ 2007ರಲ್ಲಿ ಬೆಂಗಳೂರು ಮಹಾನಗರ ಪಾಲಿಕೆಯ ವ್ಯಾಪ್ತಿಗೆ ಸೇರಿತು. 2021ರ ಆಗಸ್ಟ್ ತಿಂಗಳಲ್ಲಿ ಇಲ್ಲಿಗೆ ಮೆಟ್ರೊ ರೈಲು ಬಂದಿತು. ಇಲ್ಲಿ ಮನೆ, ತಾವರೆಕೆರೆ, ಬಿಡದಿ ಅಥವಾ ಮಾಗಡಿಯ ಕಡೆ ಜಮೀನು ಇರುವ ಕುಟುಂಬಗಳಲ್ಲಿ ಮಗನ ಹಳೆಯ ಯಂತ್ರ ತಂದೆಯ ತೋಟದ ಮನೆಗೆ ಹೋಗುವುದು ಸಹಜ.

ಯಂತ್ರವೇನೋ ಬರುತ್ತದೆ. ಅದಕ್ಕೆ ಅಂತರ್ಜಾಲದ ಸಂಪರ್ಕ ಕೊಡುವುದು ಮುಂದಿನ ಪ್ರಶ್ನೆ. ನಡುಮನೆಯಲ್ಲಿರುವ ರೌಟರಿನಿಂದ ಹೊರಕೋಣೆಯವರೆಗೆ ತಂತಿ ಎಳೆಯಲು ಅನುಕೂಲವಿರುವುದಿಲ್ಲ. ಆದ್ದರಿಂದ ಹೆಬ್ಬೆರಳಿನ ಗಾತ್ರದ ವೈ-ಫೈ ಅಡಾಪ್ಟರ್ ಒಂದನ್ನು ತಂದು ಯಂತ್ರಕ್ಕೆ ಸಿಕ್ಕಿಸುತ್ತಾರೆ. ಅದರ ಪುಟ್ಟ ದೀಪ ಹತ್ತುತ್ತದೆ, ಆದರೆ ಪರದೆಯ ಮೇಲೆ ಯಾವ ಜಾಲದ ಹೆಸರೂ ಕಾಣಿಸುವುದಿಲ್ಲ. ಅಡಾಪ್ಟರ್ ಕೆಟ್ಟಿದೆ ಎಂದು ಬದಲಾಯಿಸಿ ತಂದರೂ ಫಲ ಅಷ್ಟೆ. ಕೊನೆಗೆ ಯಂತ್ರವೇ ನಿರುಪಯುಕ್ತವೆಂದು ಅಟ್ಟಕ್ಕೆ ಹೋಗುತ್ತದೆ. ಅದರ ಜೊತೆಗೆ ಹತ್ತು ಹದಿನೈದು ವರ್ಷಗಳ ರೇಷ್ಮೆಗೂಡಿನ ಲೆಕ್ಕ, ತೆಂಗು ಅಡಕೆಯ ಮಾರಾಟದ ಪಟ್ಟಿ, ಸಂಘದ ನಡಾವಳಿ, ಬ್ಯಾಂಕಿಗೆ ಬರೆದ ಪತ್ರಗಳೂ ಅಟ್ಟ ಸೇರುತ್ತವೆ.

ಇಂತಹ ಹಲವು ಸಂದರ್ಭಗಳಲ್ಲಿ ಯಂತ್ರವೂ ಕೆಟ್ಟಿರುವುದಿಲ್ಲ, ಅಡಾಪ್ಟರೂ ಕೆಟ್ಟಿರುವುದಿಲ್ಲ. ಒಂದಕ್ಕೊಂದು ಹೊಂದಿಕೆಯಿಲ್ಲ, ಅಷ್ಟೆ. ಈ ಹೊಂದಿಕೆಯನ್ನು ಹಣ ಕೊಡುವ ಮೊದಲೇ ಪರೀಕ್ಷಿಸುವುದು ಹೇಗೆ, ಸಂಪರ್ಕ ದೊರೆತ ಮೇಲೆ ಹಳೆಯ ಯಂತ್ರವನ್ನು ಯಾವ ಕೆಲಸಕ್ಕೆ ಬಳಸಬಹುದು, ಯಾವುದಕ್ಕೆ ಬಳಸಬಾರದು ಎಂಬುದನ್ನು ಮುಂದೆ ವಿವರಿಸಲಾಗಿದೆ.

ಹೊಂದಿಕೆ ಎಂದರೇನು?

ಮಾವಿನ ಕಸಿ ಕಟ್ಟುವ ರೈತರಿಗೆ ಈ ವಿಷಯ ಬೇಗ ಅರ್ಥವಾಗುತ್ತದೆ. ಬೇರುಸಸಿ ಆರೋಗ್ಯವಾಗಿರಬಹುದು, ಕಸಿಕಡ್ಡಿ ಉತ್ತಮ ತಳಿಯದಿರಬಹುದು. ಎರಡೂ ಕೂಡುವ ಜಾಗದಲ್ಲಿ ಬೆಸುಗೆಯಾಗದಿದ್ದರೆ ಕಸಿ ಚಿಗುರುವುದಿಲ್ಲ. ಗಣಕಯಂತ್ರಕ್ಕೂ ಅಡಾಪ್ಟರಿಗೂ ನಡುವೆ ಈ ಬೆಸುಗೆಯ ಕೆಲಸ ಮಾಡುವುದು ಡ್ರೈವರ್ ಎಂಬ ಚಾಲಕ ತಂತ್ರಾಂಶ.

ಅಡಾಪ್ಟರಿನ ಒಳಗೆ ಒಂದು ಚಿಪ್ ಇರುತ್ತದೆ. ರೇಡಿಯೋ ತರಂಗಗಳನ್ನು ಹಿಡಿಯುವುದು, ಕಳುಹಿಸುವುದು ಅದರ ಕೆಲಸ. ಯಂತ್ರವನ್ನು ನಡೆಸುವುದು ವಿಂಡೋಸ್ ಅಥವಾ ಲಿನಕ್ಸ್‌ನಂತಹ ಕಾರ್ಯಾಚರಣ ವ್ಯವಸ್ಥೆ. ಚಿಪ್ಪಿನ ಭಾಷೆ ವ್ಯವಸ್ಥೆಗೆ ತಿಳಿಯದು, ವ್ಯವಸ್ಥೆಯ ಭಾಷೆ ಚಿಪ್ಪಿಗೆ ತಿಳಿಯದು. ನಡುವೆ ನಿಂತು ಇಬ್ಬರ ಮಾತನ್ನೂ ತಿಳಿಸುವುದೇ ಡ್ರೈವರ್. ಅಡಾಪ್ಟರಿನ ದೀಪ ಹತ್ತಿತೆಂದರೆ ಅದಕ್ಕೆ ವಿದ್ಯುತ್ ದೊರೆತಿದೆ ಎಂದಷ್ಟೇ ಅರ್ಥ. ಡ್ರೈವರ್ ಕುಳಿತಿದೆ ಎಂದು ಅರ್ಥವಲ್ಲ.

ವ್ಯವಸ್ಥೆ ಬದಲಾದಂತೆ ಡ್ರೈವರ್ ಬರೆಯುವ ನಿಯಮಗಳೂ ಬದಲಾಗಿವೆ. ವಿಂಡೋಸ್ ಎಕ್ಸ್‌ಪಿ 2001ರಲ್ಲಿ ಬಂದಿತು, ವಿಂಡೋಸ್ 7 ಬಂದಿದ್ದು 2009ರಲ್ಲಿ. ಒಂದಕ್ಕೆ ಬರೆದ ವೈ-ಫೈ ಡ್ರೈವರ್ ಇನ್ನೊಂದಕ್ಕೆ ಸಾಮಾನ್ಯವಾಗಿ ಹೊಂದುವುದಿಲ್ಲ. ಹೊಸ ಚಿಪ್ ತಯಾರಿಸುವ ಸಂಸ್ಥೆ ಹಳೆಯ ವ್ಯವಸ್ಥೆಗೆಂದು ಪ್ರತ್ಯೇಕ ಡ್ರೈವರ್ ಬರೆದರೆ ಮಾತ್ರ ಅದು ಅಲ್ಲಿ ನಡೆಯುತ್ತದೆ. ಮೈಕ್ರೋಸಾಫ್ಟ್ ಸಂಸ್ಥೆ ಎಕ್ಸ್‌ಪಿಗೆ ನೀಡುತ್ತಿದ್ದ ಬೆಂಬಲ 2014ರ ಏಪ್ರಿಲ್ 8ರಂದು ನಿಂತಿತು. ವಿಂಡೋಸ್ 7ಕ್ಕೆ ಸಾಮಾನ್ಯ ಬಳಕೆದಾರರಿಗಿದ್ದ ಬೆಂಬಲ 2020ರ ಜನವರಿ 14ರಂದು ಮುಗಿಯಿತು. ಆದಕಾರಣ ಇತ್ತೀಚೆಗೆ ಹುಟ್ಟಿದ ಚಿಪ್ಪುಗಳಿಗೆ ಈ ವ್ಯವಸ್ಥೆಗಳ ಡ್ರೈವರ್ ಸಿಗುವುದು ಅಪರೂಪ. ಪೆಟ್ಟಿಗೆಯ ಮೇಲೆ ದೊಡ್ಡದಾಗಿ ಅಚ್ಚಾಗಿರುವ ವೇಗದ ಸಂಖ್ಯೆಗಿಂತ ಈ ಒಂದು ಸಂಗತಿ ಮುಖ್ಯವಾದುದು.

ಮೊದಲ ಕೆಲಸ: ಕಡತಗಳನ್ನು ಉಳಿಸಿಕೊಳ್ಳುವುದು

ಡ್ರೈವರ್ ಹಾಕುವಾಗ ಹಳೆಯ ಯಂತ್ರ ಕೆಲವೊಮ್ಮೆ ಸ್ಥಗಿತಗೊಳ್ಳುವುದುಂಟು. ಬಹುಕಾಲ ನಿಂತಿದ್ದ ಹಾರ್ಡ್ ಡಿಸ್ಕ್ ಮತ್ತೆ ತಿರುಗಲು ಆರಂಭಿಸಿದಾಗ ಕೆಡುವುದೂ ಉಂಟು. ಆದ್ದರಿಂದ ಬೇರೆ ಯಾವ ಕೆಲಸಕ್ಕೂ ಮೊದಲು ಬೇಕಾದ ಎಲ್ಲ ಕಡತಗಳನ್ನು ಎರಡು ಬೇರೆ ಬೇರೆ ಪೆನ್ ಡ್ರೈವ್‌ಗಳಿಗೆ ಪ್ರತಿ ಮಾಡಿಕೊಳ್ಳಬೇಕು. ಬಿತ್ತನೆ ಬೀಜವನ್ನು ಒಂದೇ ಮಡಕೆಯಲ್ಲಿ ಇಡದಿರುವ ಜಾಣತನವೇ ಇಲ್ಲಿಯೂ ಬೇಕು.

ಕನ್ನಡದ ಕಡತಗಳ ವಿಷಯದಲ್ಲಿ ಇನ್ನೊಂದು ಎಚ್ಚರಿಕೆ ಅಗತ್ಯ. ನುಡಿ ಮತ್ತು ಬರಹ ತಂತ್ರಾಂಶಗಳ ಹಳೆಯ ಆವೃತ್ತಿಗಳಲ್ಲಿ ಬೆರಳಚ್ಚು ಮಾಡಿದ ಅನೇಕ ಕಡತಗಳು ಯುನಿಕೋಡ್ ಪದ್ಧತಿಯಲ್ಲಿರುವುದಿಲ್ಲ. ಅವುಗಳನ್ನು ಮೊಬೈಲಿನಲ್ಲಿ ಅಥವಾ ಹೊಸ ಯಂತ್ರದಲ್ಲಿ ತೆರೆದರೆ ಕನ್ನಡದ ಬದಲು ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳ ಸಾಲು ಕಾಣಿಸುತ್ತದೆ. ಕಡತ ಹಾಳಾಯಿತೆಂದು ಅಳಿಸಿಬಿಡಬೇಡಿ. ಅದರ ಅಕ್ಷರಶೈಲಿ, ಅಂದರೆ ಫಾಂಟ್, ಆ ಯಂತ್ರದಲ್ಲಿಲ್ಲ ಎಂದಷ್ಟೇ ಇದರ ಅರ್ಥ. ಕಡತಗಳೊಂದಿಗೆ ಹಳೆಯ ಯಂತ್ರದ ಫಾಂಟ್‌ಗಳನ್ನೂ ಪ್ರತಿ ಮಾಡಿಕೊಳ್ಳಿ. ಮುಂದೆ ಬಿಡುವಾದಾಗ ನುಡಿ ಅಥವಾ ಬರಹದ ಈಚಿನ ಆವೃತ್ತಿಯಲ್ಲಿರುವ ಪರಿವರ್ತಕದಿಂದ ಅವುಗಳನ್ನು ಯುನಿಕೋಡ್‌ಗೆ ಬದಲಾಯಿಸಿಕೊಳ್ಳಬಹುದು.

ಯಂತ್ರದ ಪರೀಕ್ಷೆ

ಮಣ್ಣು ಪರೀಕ್ಷೆ ಮಾಡಿಸದೆ ಗೊಬ್ಬರ ಹಾಕಬಾರದು. ಹಾಗೆಯೇ ಯಂತ್ರವನ್ನು ಪರೀಕ್ಷಿಸದೆ ಅಡಾಪ್ಟರ್ ಕೊಳ್ಳಬಾರದು. ಕೆಳಗಿನ ನಾಲ್ಕು ವಿವರಗಳನ್ನು ಒಂದು ಚೀಟಿಯಲ್ಲಿ ಬರೆದುಕೊಳ್ಳಿ.

1. ವ್ಯವಸ್ಥೆಯ ಹೆಸರು ಮತ್ತು ಸರ್ವಿಸ್ ಪ್ಯಾಕ್: ಮೈ ಕಂಪ್ಯೂಟರ್ ಚಿಹ್ನೆಯ ಮೇಲೆ ಮೌಸಿನ ಬಲ ಗುಂಡಿ ಒತ್ತಿ ಪ್ರಾಪರ್ಟೀಸ್ ಎಂಬುದನ್ನು ಆರಿಸಿದರೆ ಈ ವಿವರ ಕಾಣಿಸುತ್ತದೆ. ಎಕ್ಸ್‌ಪಿ ಆಗಿದ್ದರೆ ಸರ್ವಿಸ್ ಪ್ಯಾಕ್ 3 ಇರಬೇಕು. ಇಂದಿನ ರೌಟರುಗಳು ಬಳಸುವ ಡಬ್ಲ್ಯುಪಿಎ 2 ಎಂಬ ಭದ್ರತಾ ಪದ್ಧತಿ ಅದರಲ್ಲಿ ಅಡಕವಾಗಿದೆ. ವಿಂಡೋಸ್ 7 ಆಗಿದ್ದರೆ ಸರ್ವಿಸ್ ಪ್ಯಾಕ್ 1 ಇರಬೇಕು.

2. ವ್ಯವಸ್ಥೆ 32 ಬಿಟ್ಟಿನದೋ 64 ಬಿಟ್ಟಿನದೋ: ವಿಂಡೋಸ್ 7ರಲ್ಲಿ ಇದು ಅದೇ ಪುಟದಲ್ಲಿ ಬರೆದಿರುತ್ತದೆ. ಎಕ್ಸ್‌ಪಿಯಲ್ಲಿ ಏನೂ ಬರೆದಿಲ್ಲವಾದರೆ 32 ಬಿಟ್ ಎಂದು ತಿಳಿಯಬಹುದು. 32 ಬಿಟ್ಟಿನ ಡ್ರೈವರ್ 64 ಬಿಟ್ಟಿನ ವ್ಯವಸ್ಥೆಗೆ ಹೊಂದುವುದಿಲ್ಲ.

3. ಯು.ಎಸ್.ಬಿ. ಕಿಂಡಿಯ ಬಗೆ: ಮೊದಲ ಪೀಳಿಗೆಯ ಕಿಂಡಿಯ ಗರಿಷ್ಠ ವೇಗ ಸೆಕೆಂಡಿಗೆ 12 ಮೆಗಾಬಿಟ್. ಎರಡನೆಯ ಪೀಳಿಗೆಯದು 480 ಮೆಗಾಬಿಟ್. ಮೊದಲ ಬಗೆಯ ಕಿಂಡಿಗೆ ಎಷ್ಟೇ ವೇಗದ ಅಡಾಪ್ಟರ್ ಹಾಕಿದರೂ 12 ಮೆಗಾಬಿಟ್ ದಾಟಲಾರದು. ಸಣ್ಣ ಕೊಳವೆಗೆ ದೊಡ್ಡ ಪಂಪು ಜೋಡಿಸಿದಂತೆ ಅದು ಹಣದ ನಷ್ಟ.

4. ಗಡಿಯಾರ: ಯಂತ್ರ ಪ್ರತಿ ಸಲ ಹಳೆಯ ದಿನಾಂಕವನ್ನೇ ತೋರಿಸುತ್ತಿದ್ದರೆ ಒಳಗಿನ ನಾಣ್ಯದಾಕಾರದ ಬ್ಯಾಟರಿ ಮುಗಿದಿದೆ. ಸಾಮಾನ್ಯವಾಗಿ ಇದು ಸಿಆರ್ 2032 ಎಂಬ 3 ವೋಲ್ಟಿನ ಬ್ಯಾಟರಿ. ಸ್ವಲ್ಪ ಹಣಕ್ಕೆ ದೊರೆಯುತ್ತದೆ. ದಿನಾಂಕ ತಪ್ಪಿದ್ದರೆ ಜಾಲ ಸಿಕ್ಕಿದರೂ ಸುರಕ್ಷಿತ ತಾಣಗಳು ತೆರೆಯುವುದಿಲ್ಲ. ದೋಷ ಅಡಾಪ್ಟರಿನದೆಂದು ತಪ್ಪಾಗಿ ಭಾವಿಸುವವರುಂಟು.

ಅಡಾಪ್ಟರಿನ ಆಯ್ಕೆ

ಅಡಾಪ್ಟರನ್ನು ಹೊರಗಿನ ಹೆಸರಿನಿಂದ ಆರಿಸದೆ ಒಳಗಿನ ಚಿಪ್ಪಿನಿಂದ ಆರಿಸಬೇಕು. ಹೊರಗಿನ ಹೆಸರು ಒಂದೇ ಆಗಿದ್ದು ಒಳಗಿನ ಚಿಪ್ ಬೇರೆಯಾಗಿರುವುದು ಉಂಟು. ಉದಾಹರಣೆಗೆ, ಟಿಪಿ-ಲಿಂಕ್ ಸಂಸ್ಥೆಯ ಟಿಎಲ್-ಡಬ್ಲ್ಯುಎನ್ 722ಎನ್ ಎಂಬ ಮಾದರಿಯ 1ನೆಯ ಆವೃತ್ತಿಯಲ್ಲಿ ಅಥೆರೋಸ್ ಎಆರ್ 9271 ಚಿಪ್ ಇತ್ತು. 2ನೆಯ ಆವೃತ್ತಿಯಲ್ಲಿ ರಿಯಲ್‌ಟೆಕ್ ಆರ್‌ಟಿಎಲ್ 8188 ಬಂದಿತು. ಒಂದರ ಡ್ರೈವರ್ ಇನ್ನೊಂದಕ್ಕೆ ಆಗದು. ಆದ್ದರಿಂದ ಪೆಟ್ಟಿಗೆಯ ಮೇಲಿನ ಆವೃತ್ತಿಯ ಸಂಖ್ಯೆಯನ್ನೂ ಓದಬೇಕು.

ಎಕ್ಸ್‌ಪಿ ಮತ್ತು ವಿಂಡೋಸ್ 7 ಎರಡಕ್ಕೂ ಡ್ರೈವರ್ ಬಂದಿರುವ ಚಿಪ್ಪುಗಳಲ್ಲಿ ಮುಖ್ಯವಾದವು ಇವು: ರಾಲಿಂಕ್ ಆರ್‌ಟಿ 5370, ಮೀಡಿಯಾಟೆಕ್ ಎಂಟಿ 7601ಯು, ರಿಯಲ್‌ಟೆಕ್ ಆರ್‌ಟಿಎಲ್ 8188ಇಯು, ಅಥೆರೋಸ್ ಎಆರ್ 9271. ಈ ನಾಲ್ಕೂ 2.4 ಗಿಗಾಹರ್ಟ್ಸ್ ತರಂಗದಲ್ಲಿ ಮಾತ್ರ ಕೆಲಸ ಮಾಡುತ್ತವೆ. ಪೆಟ್ಟಿಗೆಯ ಮೇಲೆ ಇವುಗಳ ವೇಗ 150 ಮೆಗಾಬಿಟ್ ಎಂದಿರುತ್ತದೆ, ಬಳಕೆಯಲ್ಲಿ ಅದಕ್ಕಿಂತ ಬಹಳ ಕಡಿಮೆ ದೊರೆಯುತ್ತದೆ. ಆದರೂ ಪತ್ರ ಕಳುಹಿಸಲು, ಧಾರಣೆ ನೋಡಲು, ಕಡತ ಸಾಗಿಸಲು ಅಷ್ಟು ಸಾಕು.

ವೈ-ಫೈ 6 ಎಂಬ ಈಚಿನ ಪೀಳಿಗೆಯ ಯು.ಎಸ್.ಬಿ. ಅಡಾಪ್ಟರುಗಳಿಗೆ ಸಾಮಾನ್ಯವಾಗಿ ವಿಂಡೋಸ್ 10 ಮತ್ತು 11ಕ್ಕೆ ಮಾತ್ರ ಡ್ರೈವರ್ ಬರುತ್ತದೆ. ಯಂತ್ರದೊಳಗೆ ಕೂರಿಸುವ ಇಂಟೆಲ್ ಎಎಕ್ಸ್ 200, ಎಎಕ್ಸ್ 210 ಕಾರ್ಡುಗಳಿಗೆ ವಿಂಡೋಸ್‌ನಲ್ಲಿ ಆ ಸಂಸ್ಥೆ ಕೊಡುವ ಡ್ರೈವರ್ 64 ಬಿಟ್ಟಿನ ವಿಂಡೋಸ್ 10 ಮತ್ತು ಅದರ ನಂತರದ ವ್ಯವಸ್ಥೆಗಳಿಗೆ. ಇವುಗಳನ್ನು ಎಕ್ಸ್‌ಪಿ ಅಥವಾ ವಿಂಡೋಸ್ 7ರ ಯಂತ್ರಕ್ಕೆಂದು ಕೊಳ್ಳುವುದು ವ್ಯರ್ಥ. ಹೆಚ್ಚು ಬೆಲೆಯದು ಹೆಚ್ಚು ಚೆನ್ನಾಗಿ ನಡೆಯುತ್ತದೆ ಎಂಬ ಲೆಕ್ಕ ಇಲ್ಲಿ ಸಲ್ಲದು.

ಅಂಗಡಿಯಲ್ಲಿ ಚೀಟಿಯನ್ನು ತೋರಿಸಿ, ಈ ವ್ಯವಸ್ಥೆಗೆ ಡ್ರೈವರ್ ಇದೆಯೇ ಎಂದು ಕೇಳಿ. ಪೆಟ್ಟಿಗೆಯ ಮೇಲೆ ನಿಮ್ಮ ವ್ಯವಸ್ಥೆಯ ಹೆಸರು ಅಚ್ಚಾಗಿರಬೇಕು. ಹೊಂದದಿದ್ದರೆ ಹಿಂತಿರುಗಿಸುವ ಮಾತನ್ನು ರಸೀತಿಯ ಮೇಲೆ ಬರೆಸಿಕೊಳ್ಳುವುದು ಒಳ್ಳೆಯದು. ರಾಜರಾಜೇಶ್ವರಿನಗರದಲ್ಲಿ ದೊರೆಯದಿದ್ದರೆ ಸಿಟಿ ಮಾರುಕಟ್ಟೆಯ ಬಳಿಯ ಎಸ್.ಪಿ. ರಸ್ತೆಯಲ್ಲಿ ಹಳೆಯ ಮಾದರಿಗಳನ್ನು ವಿಚಾರಿಸಬಹುದು.

ಈಗಾಗಲೇ ಅಡಾಪ್ಟರ್ ಕೊಂಡಾಗಿದ್ದರೆ ಅದರ ಚಿಪ್ಪನ್ನು ಯಂತ್ರದಿಂದಲೇ ತಿಳಿಯಬಹುದು. ಅಡಾಪ್ಟರ್ ಸಿಕ್ಕಿಸಿ, ಡಿವೈಸ್ ಮ್ಯಾನೇಜರ್ ತೆರೆದು, ಹಳದಿ ಗುರುತು ಇರುವ ಸಾಲಿನ ಮೇಲೆ ಬಲ ಗುಂಡಿ ಒತ್ತಿ. ಪ್ರಾಪರ್ಟೀಸ್‌ನಲ್ಲಿ ಡೀಟೇಲ್ಸ್ ಎಂಬ ಪುಟಕ್ಕೆ ಹೋಗಿ ಹಾರ್ಡ್‌ವೇರ್ ಐಡಿ ಎಂಬುದನ್ನು ಆರಿಸಿ. ಅಲ್ಲಿ ವಿಐಡಿ ಮತ್ತು ಪಿಐಡಿ ಎಂಬ ಎರಡು ಗುರುತುಗಳ ಮುಂದೆ ನಾಲ್ಕು ನಾಲ್ಕು ಅಕ್ಷರ ಅಥವಾ ಅಂಕಿಗಳಿರುತ್ತವೆ. ಮೊದಲನೆಯದು ತಯಾರಕರ ಗುರುತು, ಎರಡನೆಯದು ಸರಕಿನ ಗುರುತು. ವಿಐಡಿ 148ಎಫ್, ಪಿಐಡಿ 5370 ಎಂದಿದ್ದರೆ ಅದು ಆರ್‌ಟಿ 5370 ಚಿಪ್. ವಿಐಡಿ ಅದೇ ಇದ್ದು ಪಿಐಡಿ 7601 ಎಂದಿದ್ದರೆ ಎಂಟಿ 7601ಯು. ಹಸುವಿನ ಕಿವಿಯ ಬಿಲ್ಲೆಯಂತೆ ಇದು ನಂಬಬಹುದಾದ ಗುರುತು. ಪೆಟ್ಟಿಗೆ ಕಳೆದುಹೋಗಿದ್ದರೂ ಚಿಂತೆಯಿಲ್ಲ.

ಡ್ರೈವರ್ ಹಾಕುವ ಕ್ರಮ

ಈ ಕೆಲಸವನ್ನು ಯಂತ್ರ ಊರಿಗೆ ಹೊರಡುವ ಮೊದಲೇ, ರಾಜರಾಜೇಶ್ವರಿನಗರದ ಮನೆಯಲ್ಲಿಯೇ ಮುಗಿಸಬೇಕು. ಅಲ್ಲಿ ಹೊಸ ಯಂತ್ರವಿದೆ, ಒಳ್ಳೆಯ ಸಂಪರ್ಕವಿದೆ, ಅಂಗಡಿಯೂ ಹತ್ತಿರವಿದೆ. ಅಡಾಪ್ಟರಿಲ್ಲದೆ ಜಾಲವಿಲ್ಲ, ಜಾಲವಿಲ್ಲದೆ ಡ್ರೈವರಿಲ್ಲ ಎಂಬ ಇಕ್ಕಟ್ಟು ತೋಟದ ಮನೆಯಲ್ಲಿ ಎದುರಾದರೆ ಬಿಡಿಸುವುದು ಕಷ್ಟ.

ಮೊದಲಿಗೆ, ಹೊಸ ಯಂತ್ರದಲ್ಲಿ ಅಡಾಪ್ಟರ್ ತಯಾರಕರ ಅಥವಾ ಚಿಪ್ ತಯಾರಕರ ಸ್ವಂತ ತಾಣದಿಂದ ಡ್ರೈವರನ್ನು ಇಳಿಸಿಕೊಂಡು ಪೆನ್ ಡ್ರೈವ್‌ಗೆ ಹಾಕಿಕೊಳ್ಳಿ. ಎಲ್ಲ ಯಂತ್ರಗಳಿಗೂ ಡ್ರೈವರ್ ಹುಡುಕಿಕೊಡುತ್ತೇವೆ ಎಂದು ಸಾರುವ ತಂತ್ರಾಂಶಗಳನ್ನು ಮುಟ್ಟಬೇಡಿ. ಅವುಗಳಲ್ಲಿ ಹಲವು ಬೇಡದ ಕಾರ್ಯಕ್ರಮಗಳನ್ನು ಯಂತ್ರದೊಳಗೆ ತುಂಬುತ್ತವೆ. ಗುರುತಿಲ್ಲದ ಬೀಜವನ್ನು ಸಂತೆಯಲ್ಲಿ ಕೊಂಡು ಬಿತ್ತಿದರೆ ಹೊಲದಲ್ಲಿ ಕಳೆ ಏಳುವುದು ಆಶ್ಚರ್ಯವಲ್ಲ.

ಅನಂತರ, ಹಳೆಯ ಯಂತ್ರದಲ್ಲಿ ಸಿಸ್ಟಮ್ ರಿಸ್ಟೋರ್ ಸೌಲಭ್ಯದಿಂದ ಒಂದು ಹಿಂತಿರುಗುವ ಬಿಂದುವನ್ನು ಮಾಡಿಕೊಳ್ಳಿ. ಏನಾದರೂ ಕೆಟ್ಟರೆ ಹಿಂದಿನ ಸ್ಥಿತಿಗೆ ಮರಳಲು ಇದು ನೆರವಾಗುತ್ತದೆ. ಕೈಪಿಡಿಯಲ್ಲಿ ಬೇರೆ ರೀತಿ ಹೇಳಿಲ್ಲವಾದರೆ ಮೊದಲು ಡ್ರೈವರ್ ಹಾಕಿ, ಯಂತ್ರವನ್ನು ಮತ್ತೆ ಆರಂಭಿಸಿ, ಆಮೇಲೆ ಅಡಾಪ್ಟರ್ ಸಿಕ್ಕಿಸಿ. ಮೇಜಿನ ಯಂತ್ರವಾದರೆ ಹಿಂಭಾಗದ ಕಿಂಡಿಯನ್ನೇ ಬಳಸುವುದು ಉತ್ತಮ. ಮುಂಭಾಗದ ಕಿಂಡಿಗಳಿಗೆ ಒಳತಂತಿಯ ಮೂಲಕ ವಿದ್ಯುತ್ ಹೋಗುವುದರಿಂದ ಹಳೆಯ ಯಂತ್ರಗಳಲ್ಲಿ ಅವು ದುರ್ಬಲವಾಗಿರುವುದುಂಟು.

ಕೆಲವು ಅಡಾಪ್ಟರುಗಳು ಸಿಕ್ಕಿಸಿದ ಕೂಡಲೇ ಸಿ.ಡಿ. ಡ್ರೈವ್‌ನಂತೆ ಕಾಣಿಸಿಕೊಳ್ಳುತ್ತವೆ. ಗಾಬರಿಯಾಗಬೇಕಿಲ್ಲ. ಡ್ರೈವರ್ ಅದರೊಳಗೇ ಅಡಕವಾಗಿದ್ದು, ಅದನ್ನು ಅಲ್ಲಿಂದಲೇ ಹಾಕಿದ ಮೇಲೆ ಅಡಾಪ್ಟರ್ ತನ್ನ ನಿಜರೂಪಕ್ಕೆ ಬರುತ್ತದೆ. ಆದರೆ ಅದರೊಳಗಿರುವ ಡ್ರೈವರ್ ನಿಮ್ಮ ವ್ಯವಸ್ಥೆಗೆ ಸೇರಿದ್ದೇ ಎಂದು ಮೊದಲು ನೋಡಬೇಕು.

ತೊಂದರೆಯ ಲಕ್ಷಣ ಮತ್ತು ಪರಿಹಾರ

ಡಿವೈಸ್ ಮ್ಯಾನೇಜರ್‌ನಲ್ಲಿ ಅಡಾಪ್ಟರಿನ ಸಾಲನ್ನು ತೆರೆದರೆ ಒಂದು ಕೋಡ್ ಸಂಖ್ಯೆ ಕಾಣಿಸಬಹುದು. ಎಲೆಯ ಚುಕ್ಕೆ ನೋಡಿ ರೋಗ ತಿಳಿಯುವಂತೆ ಈ ಸಂಖ್ಯೆಯಿಂದ ದೋಷವನ್ನು ತಿಳಿಯಬಹುದು.

ಕೋಡ್ 28: ಡ್ರೈವರ್ ಹಾಕಿಲ್ಲ ಅಥವಾ ಹಾಕಿದ್ದು ಕುಳಿತಿಲ್ಲ. ಚಿಪ್ಪಿನ ಗುರುತನ್ನು ಮತ್ತೆ ನೋಡಿ ಸರಿಯಾದ ಡ್ರೈವರ್ ಹಾಕಬೇಕು.

ಕೋಡ್ 10: ಡ್ರೈವರ್ ಇದೆ, ಆದರೆ ಅಡಾಪ್ಟರ್ ಆರಂಭವಾಗುತ್ತಿಲ್ಲ. ಬೇರೆ ಕಿಂಡಿಗೆ ಬದಲಾಯಿಸಿ ನೋಡಿ. ಆಗಲೂ ಆಗದಿದ್ದರೆ ಡ್ರೈವರನ್ನು ತೆಗೆದು ಇನ್ನೊಂದು ಆವೃತ್ತಿಯನ್ನು ಹಾಕಿ.

ಕೋಡ್ 52: ಡ್ರೈವರಿನ ಸಹಿಯನ್ನು ವ್ಯವಸ್ಥೆ ಗುರುತಿಸುತ್ತಿಲ್ಲ. 64 ಬಿಟ್ಟಿನ ವಿಂಡೋಸ್ 7ರಲ್ಲಿ ಈ ದೋಷ ಕಾಣಿಸುತ್ತದೆ. ಡ್ರೈವರ್ ನಂಬತಕ್ಕದ್ದು ಎಂದು ತೋರಿಸಲು ಅದರ ಮೇಲೆ ವಿದ್ಯುನ್ಮಾನ ಸಹಿ ಇರುತ್ತದೆ. ಹಿಂದೆ ಈ ಸಹಿಗೆ ಶಾ-1 ಎಂಬ ಪದ್ಧತಿ ಇತ್ತು, ಈಗ ಶಾ-2 ಬಂದಿದೆ. ಹೊಸ ಸಹಿಯನ್ನು ಓದಲು ಹಳೆಯ ವಿಂಡೋಸ್ 7ಕ್ಕೆ ಬರುವುದಿಲ್ಲ. ಇದನ್ನು ಸರಿಪಡಿಸಲು ಮೈಕ್ರೋಸಾಫ್ಟ್ 2019ರಲ್ಲಿ ಕೆಬಿ 4490628 ಮತ್ತು ಕೆಬಿ 4474419 ಎಂಬ ಎರಡು ಪರಿಷ್ಕರಣೆಗಳನ್ನು ನೀಡಿತು. ಸರ್ವಿಸ್ ಪ್ಯಾಕ್ 1 ಇರುವ ಯಂತ್ರದಲ್ಲಿ ಇವೆರಡನ್ನೂ ಹಾಕಿ, ಯಂತ್ರವನ್ನು ಮತ್ತೆ ಆರಂಭಿಸಿದ ಮೇಲೆ ಡ್ರೈವರ್ ಹಾಕಬೇಕು. ಸಹಿಯ ಪರೀಕ್ಷೆಯನ್ನೇ ಶಾಶ್ವತವಾಗಿ ನಿಲ್ಲಿಸುವಂತೆ ಕೆಲವರು ಸಲಹೆ ಕೊಡುವುದುಂಟು. ಅದು ಬೇಲಿ ಕಿತ್ತು ದನ ಕಟ್ಟಿದಂತೆ, ಹಾಗೆ ಮಾಡಬಾರದು.

ಯಾವ ಕೋಡೂ ಇಲ್ಲದೆ ಅಡಾಪ್ಟರ್ ಸರಿಯಾಗಿ ಕಾಣಿಸಿದರೂ ಜಾಲದ ಹೆಸರು ಬರದಿದ್ದರೆ ದೋಷವನ್ನು ರೌಟರಿನ ಕಡೆ ಹುಡುಕಬೇಕು.

ರೌಟರಿನ ಕಡೆಯ ಹೊಂದಾಣಿಕೆ

ಫೋನಿನಲ್ಲಿ ಚೆನ್ನಾಗಿ ಕಾಣುವ ಜಾಲ ಹಳೆಯ ಯಂತ್ರದಲ್ಲಿ ಕಾಣದಿರಲು ಸಾಮಾನ್ಯವಾಗಿ ಮೂರು ಕಾರಣಗಳಿರುತ್ತವೆ.

ಮೊದಲನೆಯದು ತರಂಗದ ಪಟ್ಟಿ. ಈಗಿನ ರೌಟರುಗಳು 2.4 ಮತ್ತು 5 ಗಿಗಾಹರ್ಟ್ಸ್ ಎಂಬ ಎರಡು ಪಟ್ಟಿಗಳಲ್ಲಿ ಪ್ರಸಾರ ಮಾಡುತ್ತವೆ. ನಿಮ್ಮ ಅಡಾಪ್ಟರ್ 2.4ರದಾಗಿದ್ದು ರೌಟರಿನಲ್ಲಿ ಆ ಪಟ್ಟಿ ನಿಂತಿದ್ದರೆ ಹೆಸರು ಕಾಣುವುದಿಲ್ಲ. ಎರಡೂ ಪಟ್ಟಿಗಳಿಗೆ ಬೇರೆ ಬೇರೆ ಹೆಸರು ಕೊಟ್ಟರೆ ಗೊಂದಲ ಕಡಿಮೆ. 2.4ರ ಪಟ್ಟಿಯಲ್ಲಿ ಭಾರತದಲ್ಲಿ 13 ಚಾನಲ್‌ಗಳನ್ನು ಬಳಸಬಹುದು, ಆದರೆ ಕೆಲವು ಅಡಾಪ್ಟರುಗಳು 12 ಮತ್ತು 13ನ್ನು ಕಾಣಲಾರವು. ಆದ್ದರಿಂದ ರೌಟರನ್ನು 1, 6 ಅಥವಾ 11ನೆಯ ಚಾನಲ್‌ಗೆ ನಿಲ್ಲಿಸಬೇಕು. ಈ ಮೂರು ಒಂದರ ಮೇಲೊಂದು ಬೀಳುವುದಿಲ್ಲ. ರಾಜರಾಜೇಶ್ವರಿನಗರದಂತೆ ಮನೆಗೆ ಮನೆ ತಾಗಿ, ಮಹಡಿಗೊಂದು ರೌಟರ್ ಇರುವ ಕಡೆ ಇವುಗಳಲ್ಲಿ ಕಡಿಮೆ ದಟ್ಟಣೆಯದನ್ನು ಆರಿಸಬೇಕು.

ಎರಡನೆಯದು ಭದ್ರತಾ ಪದ್ಧತಿ. 2018ರಲ್ಲಿ ಪ್ರಕಟವಾದ ಡಬ್ಲ್ಯುಪಿಎ 3 ಪದ್ಧತಿ ವಿಂಡೋಸ್ 7ಕ್ಕೂ ಎಕ್ಸ್‌ಪಿಗೂ ತಿಳಿಯದು. ರೌಟರಿನಲ್ಲಿ ಡಬ್ಲ್ಯುಪಿಎ 3 ಮಾತ್ರ ಎಂದಿದ್ದರೆ ಅದನ್ನು ಡಬ್ಲ್ಯುಪಿಎ 2 ಮತ್ತು 3ರ ಮಿಶ್ರ ಸ್ಥಿತಿಗೆ ಬದಲಾಯಿಸಬೇಕು. ಇದಕ್ಕಿಂತ ಉತ್ತಮವಾದುದೆಂದರೆ ರೌಟರಿನ ಅತಿಥಿ ಜಾಲವನ್ನು ಡಬ್ಲ್ಯುಪಿಎ 2ರಲ್ಲಿ ತೆರೆದು ಹಳೆಯ ಯಂತ್ರವನ್ನು ಅದಕ್ಕೆ ಮಾತ್ರ ಸೇರಿಸುವುದು. ಯಾವ ಕಾರಣಕ್ಕೂ ಡಬ್ಲ್ಯುಇಪಿ ಎಂಬ ಹಳೆಯ ಪದ್ಧತಿಗೆ ಇಳಿಯಬಾರದು. ಅದನ್ನು ಮುರಿಯುವ ವಿಧಾನ 2001ರಿಂದಲೇ ಎಲ್ಲರಿಗೂ ತಿಳಿದಿದೆ. ಒಂದು ಹಳೆಯ ಯಂತ್ರದ ಸಲುವಾಗಿ ಇಡೀ ಮನೆಯ ಬಾಗಿಲು ತೆರೆದಿಡುವುದು ತರವಲ್ಲ.

ಮೂರನೆಯದು ಎಎಕ್ಸ್ ಸ್ಥಿತಿ. ವೈ-ಫೈ 6 ರೌಟರು ಈ ಸ್ಥಿತಿಯಲ್ಲಿದ್ದಾಗ ಹಳೆಯ ಡ್ರೈವರ್ ಇರುವ ಕೆಲವು ಅಡಾಪ್ಟರುಗಳಿಗೆ ಅದರ ಹೆಸರೇ ಕಾಣಿಸುವುದಿಲ್ಲ. 2.4ರ ಪಟ್ಟಿಯಲ್ಲಿ ಮಾತ್ರ ಎಎಕ್ಸ್ ನಿಲ್ಲಿಸಿ ಎನ್ ಸ್ಥಿತಿಗೆ ತಂದರೆ ಸಾಕು. 5ರ ಪಟ್ಟಿಯಲ್ಲಿ ಹೊಸ ಯಂತ್ರಗಳು ಎಂದಿನಂತೆ ನಡೆಯುತ್ತವೆ.

ತೋಟದ ಮನೆಯಲ್ಲಿ ದೂರವೂ ಒಂದು ಅಂಶ. 2.4ರ ತರಂಗ 5ರದಕ್ಕಿಂತ ಹೆಚ್ಚು ದೂರ ಹೋಗುತ್ತದೆ, ಗೋಡೆಯನ್ನೂ ಹೆಚ್ಚು ಸುಲಭವಾಗಿ ದಾಟುತ್ತದೆ. ಆದರೂ ದಪ್ಪ ಕಲ್ಲುಗೋಡೆ, ಜಿಂಕ್ ತಗಡಿನ ಚಾವಣಿ, ಮಳೆಯಲ್ಲಿ ನೆನೆದ ಎಲೆಗಳು ಅದನ್ನು ತಡೆಯುತ್ತವೆ. ಯು.ಎಸ್.ಬಿ. ವಿಸ್ತರಣಾ ತಂತಿಯಿಂದ ಅಡಾಪ್ಟರನ್ನು ಕಿಟಕಿಯ ಬಳಿ ತಂದರೆ ಸಂಕೇತ ಸುಧಾರಿಸುತ್ತದೆ. ತಂತಿ 5 ಮೀಟರ್ ಮೀರಬಾರದು.

ಅಡಾಪ್ಟರ್ ಇಲ್ಲದೆಯೂ ಸಂಪರ್ಕ ಪಡೆಯುವ ಮಾರ್ಗಗಳು

ಹೊಂದುವ ಅಡಾಪ್ಟರ್ ಸಿಗದಿದ್ದರೆ ನಿರಾಶರಾಗಬೇಕಿಲ್ಲ. ಮೂರು ಮಾರ್ಗಗಳಿವೆ.

1. ಎತರ್ನೆಟ್ ಕಿಂಡಿ ಇರುವ ವೈ-ಫೈ ಎಕ್ಸ್‌ಟೆಂಡರ್: ಇದನ್ನು ಗೋಡೆಯ ಪ್ಲಗ್ಗಿಗೆ ಸಿಕ್ಕಿಸಿ ಮನೆಯ ಜಾಲಕ್ಕೆ ಸೇರಿಸಬೇಕು. ಅದರಿಂದ ಒಂದು ಗಿಡ್ಡ ನೆಟ್‌ವರ್ಕ್ ತಂತಿಯನ್ನು ಹಳೆಯ ಯಂತ್ರದ ಎತರ್ನೆಟ್ ಕಿಂಡಿಗೆ ಕೊಡಬೇಕು. ವೈ-ಫೈ ಕೆಲಸವನ್ನೆಲ್ಲ ಎಕ್ಸ್‌ಟೆಂಡರೇ ಮಾಡುವುದರಿಂದ ಯಂತ್ರಕ್ಕೆ ಕಾಣುವುದು ಬರೀ ತಂತಿ. ಹೊಸ ಡ್ರೈವರ್ ಬೇಕಿಲ್ಲ. ಎಕ್ಸ್‌ಪಿಗೆ, ಅದಕ್ಕೂ ಹಿಂದಿನ ವಿಂಡೋಸ್ 98ಕ್ಕೆ ಸಹ ಇದು ಹೊಂದುತ್ತದೆ. ರೌಟರಿನ ಭದ್ರತೆಯನ್ನು ಇಳಿಸುವ ಅಗತ್ಯವೂ ಹೆಚ್ಚಾಗಿ ಬೀಳುವುದಿಲ್ಲ. ಅಡಾಪ್ಟರಿಗಿಂತ ಬೆಲೆ ಹೆಚ್ಚಾದರೂ ತೊಂದರೆ ಕಡಿಮೆ. ಎತರ್ನೆಟ್ ಕಿಂಡಿ ಇರುವ ಯಂತ್ರಗಳಿಗೆ ನಮ್ಮ ಮೊದಲ ಶಿಫಾರಸು ಇದೇ.

2. ಆಂಡ್ರಾಯ್ಡ್ ಫೋನು: ಫೋನನ್ನು ಯು.ಎಸ್.ಬಿ. ತಂತಿಯಿಂದ ಯಂತ್ರಕ್ಕೆ ಜೋಡಿಸಿ ಫೋನಿನಲ್ಲಿ ಯು.ಎಸ್.ಬಿ. ಟೆದರಿಂಗ್ ಎಂಬುದನ್ನು ಚಾಲೂ ಮಾಡಿದರೆ ಅನೇಕ ಫೋನುಗಳು ವಿಂಡೋಸ್ 7ರ ಯಂತ್ರಕ್ಕೆ ಸಂಪರ್ಕ ಕೊಡುತ್ತವೆ. ಫೋನು ಮನೆಯ ವೈ-ಫೈಗೆ ಸೇರಿದ್ದರೆ ಅದೇ ಸಂಪರ್ಕ ಯಂತ್ರಕ್ಕೂ ಹೋಗುತ್ತದೆ. ಹೊಸದಾಗಿ ಏನನ್ನೂ ಕೊಳ್ಳುವ ಮೊದಲು ಇದನ್ನು ಪ್ರಯೋಗಿಸಿ ನೋಡಿ.

3. ಲಿನಕ್ಸ್ ವ್ಯವಸ್ಥೆ: ಉಚಿತವಾಗಿ ದೊರೆಯುವ ಈ ವ್ಯವಸ್ಥೆಯಲ್ಲಿ ಮೇಲೆ ಹೇಳಿದ ಚಿಪ್ಪುಗಳಿಗೆ ಡ್ರೈವರ್ ಮೊದಲೇ ಸೇರಿರುತ್ತದೆ, ಕೆಲವಕ್ಕೆ ಫರ್ಮ್‌ವೇರ್ ಎಂಬ ಕಡತ ಮಾತ್ರ ಜೊತೆಗೆ ಬೇಕಾಗುತ್ತದೆ. ಯಂತ್ರ 32 ಬಿಟ್ಟಿನದಾಗಿದ್ದರೆ ಡೆಬಿಯನ್ 12 ಎಂಬ ಆವೃತ್ತಿಯನ್ನು ಬಳಸಬಹುದು. 2025ರಲ್ಲಿ ಬಂದ ಡೆಬಿಯನ್ 13 ಅಂತಹ ಯಂತ್ರಗಳಲ್ಲಿ ಹೊಸದಾಗಿ ಸ್ಥಾಪಿಸಲು ದೊರೆಯುವುದಿಲ್ಲ. ಪೆನ್ ಡ್ರೈವ್‌ನಿಂದಲೇ ಲಿನಕ್ಸ್ ನಡೆಸಿ ನೋಡಿ, ಅಡಾಪ್ಟರ್ ಕೆಲಸ ಮಾಡುತ್ತದೆಂದು ಖಚಿತವಾದ ಮೇಲೆ ಸ್ಥಾಪಿಸುವುದು ಕ್ಷೇಮ. ಇದರಲ್ಲಿ ಯುನಿಕೋಡ್ ಕನ್ನಡ ಬೆರಳಚ್ಚು ಸಾಧ್ಯ. ಆದರೆ ವಿಂಡೋಸ್‌ಗೆಂದು ಮಾಡಿದ ಹಳೆಯ ಲೆಕ್ಕದ ತಂತ್ರಾಂಶಗಳು ನೇರವಾಗಿ ನಡೆಯುವುದಿಲ್ಲ ಎಂಬುದನ್ನು ನೆನಪಿಡಬೇಕು.

ಸಂಪರ್ಕ ದೊರೆತ ಮೇಲೆ ವಹಿಸಬೇಕಾದ ಎಚ್ಚರಿಕೆ

ಜಾಲ ಸಿಕ್ಕಿತೆಂದು ಹಳೆಯ ಯಂತ್ರವನ್ನು ಎಲ್ಲ ಕೆಲಸಕ್ಕೂ ಬಳಸಬಾರದು. ಬೆಂಬಲ ನಿಂತ ವ್ಯವಸ್ಥೆಯಲ್ಲಿ ಹೊಸದಾಗಿ ಪತ್ತೆಯಾದ ರಂಧ್ರಗಳನ್ನು ಮುಚ್ಚುವವರು ಇರುವುದಿಲ್ಲ. 2017ರ ಮೇ 12ರಂದು ವಾನಾಕ್ರೈ ಎಂಬ ಸುಲಿಗೆ ತಂತ್ರಾಂಶ 150ಕ್ಕೂ ಹೆಚ್ಚು ದೇಶಗಳಲ್ಲಿ ಹರಡಿ ಎರಡು ಲಕ್ಷಕ್ಕೂ ಮಿಕ್ಕಿ ಯಂತ್ರಗಳ ಕಡತಗಳಿಗೆ ಬೀಗ ಹಾಕಿ ಹಣ ಕೇಳಿತು. ಅದು ನುಸುಳಿದ ರಂಧ್ರವನ್ನು ಮುಚ್ಚುವ ಪರಿಷ್ಕರಣೆ ಎರಡು ತಿಂಗಳ ಹಿಂದೆ, ಮಾರ್ಚ್ ತಿಂಗಳಲ್ಲಿಯೇ ಬಂದಿತ್ತು. ಅದನ್ನು ಹಾಕಿಕೊಳ್ಳದ ಯಂತ್ರಗಳು ಬಲಿಯಾದವು. ಆ ಯಂತ್ರಗಳಲ್ಲಿ ಬಹುಪಾಲು ವಿಂಡೋಸ್ 7ರವು.

ಜಾಲತಾಣ ತೆರೆಯುವ ಬ್ರೌಸರ್ ತಂತ್ರಾಂಶಗಳೂ ಹಳೆಯ ವ್ಯವಸ್ಥೆಗಳನ್ನು ಬಿಟ್ಟಿವೆ. ಎಕ್ಸ್‌ಪಿಗೆ ಗೂಗಲ್ ಕ್ರೋಮ್‌ನ ಕೊನೆಯ ಆವೃತ್ತಿ 49, ಬಂದಿದ್ದು 2016ರಲ್ಲಿ. ವಿಂಡೋಸ್ 7ಕ್ಕೆ ಕೊನೆಯದು 109, ಬಂದಿದ್ದು 2023ರಲ್ಲಿ. ಎಕ್ಸ್‌ಪಿಯಲ್ಲಿ ಅಡಾಪ್ಟರ್ ಎಲ್ಲ ರೀತಿಯಲ್ಲೂ ಸರಿಯಾಗಿದ್ದರೂ ಇಂದಿನ ಅನೇಕ ತಾಣಗಳು ತೆರೆಯದಿರಲು ಇದೇ ಕಾರಣ.

ಆದ್ದರಿಂದ ಬ್ಯಾಂಕಿನ ವ್ಯವಹಾರ, ಸಹಾಯಧನದ ಅರ್ಜಿ, ಆಧಾರ್ ಸಂಖ್ಯೆ ಅಥವಾ ಒ.ಟಿ.ಪಿ. ಕೇಳುವ ಯಾವುದೇ ಕೆಲಸವನ್ನು ಎಕ್ಸ್‌ಪಿ ಅಥವಾ ವಿಂಡೋಸ್ 7ರ ಯಂತ್ರದಲ್ಲಿ ಮಾಡಬೇಡಿ. ಪಹಣಿ ಪಡೆಯುವುದು, ಫ್ರೂಟ್ಸ್ ನೋಂದಣಿ ಮೊದಲಾದವನ್ನು ಹೊಸ ಫೋನಿನಲ್ಲಿ, ಹೊಸ ಯಂತ್ರದಲ್ಲಿ ಅಥವಾ ರೈತ ಸಂಪರ್ಕ ಕೇಂದ್ರ, ನಾಡಕಚೇರಿಗಳಲ್ಲಿ ಮಾಡಿಸಿಕೊಳ್ಳಿ. ಹಳೆಯ ಯಂತ್ರವನ್ನು ಹಳೆಯ ಲೆಕ್ಕ ತೆರೆಯಲು, ಪತ್ರ ಬೆರಳಚ್ಚು ಮಾಡಲು, ಮುದ್ರಿಸಲು, ಕಡತ ಸಾಗಿಸಲು ಇಟ್ಟುಕೊಳ್ಳಿ. ಕೆಲಸ ಮುಗಿದ ಕೂಡಲೇ ಅಡಾಪ್ಟರನ್ನು ಕಿತ್ತಿಡುವುದು ಒಳ್ಳೆಯ ಅಭ್ಯಾಸ.

ವಿಂಡೋಸ್ 10 ಇರುವವರೂ ಗಮನಿಸಬೇಕು. ಇದಕ್ಕೆ ನೀಡುತ್ತಿದ್ದ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ರಂದು ಮುಗಿದಿದೆ. ಅದರಲ್ಲಿ ಇಂದಿನ ಅಡಾಪ್ಟರುಗಳು ಇನ್ನೂ ನಡೆಯುತ್ತವೆಯಾದರೂ ಇಂದು ಎಕ್ಸ್‌ಪಿಗೆ ಬಂದ ಸ್ಥಿತಿ ಕ್ರಮೇಣ ಅದಕ್ಕೂ ಬರುತ್ತದೆ. ಕಡತಗಳ ಪ್ರತಿ ಮಾಡಿಟ್ಟುಕೊಳ್ಳಲು ಅವರಿಗೂ ಇದು ತಕ್ಕ ಕಾಲ.

ಜ್ಞಾಪಕದಲ್ಲಿಡಬೇಕಾದ ಅಂಶಗಳು

1. ಯಾವ ಕೆಲಸಕ್ಕೂ ಮೊದಲು ಕಡತಗಳನ್ನೂ ಕನ್ನಡ ಫಾಂಟ್‌ಗಳನ್ನೂ ಎರಡು ಕಡೆ ಪ್ರತಿ ಮಾಡಿ.
2. ವ್ಯವಸ್ಥೆಯ ಹೆಸರು, ಸರ್ವಿಸ್ ಪ್ಯಾಕ್, ಬಿಟ್ ಸಂಖ್ಯೆಗಳನ್ನು ಬರೆದುಕೊಂಡು ಅಂಗಡಿಗೆ ಹೋಗಿ.
3. ವೇಗ ನೋಡಿ ಕೊಳ್ಳದೆ, ಚಿಪ್ ಮತ್ತು ಡ್ರೈವರ್ ನೋಡಿ ಕೊಳ್ಳಿ.
4. ಯಂತ್ರವನ್ನು ಊರಿಗೆ ಸಾಗಿಸುವ ಮೊದಲು ಪಟ್ಟಣದ ಮನೆಯಲ್ಲಿಯೇ ಜೋಡಿಸಿ ಪರೀಕ್ಷಿಸಿ.
5. ರೌಟರಿನ ಭದ್ರತೆಯನ್ನು ಡಬ್ಲ್ಯುಪಿಎ 2ಕ್ಕಿಂತ ಕೆಳಗೆ ಇಳಿಸಬೇಡಿ.
6. ಹಣಕಾಸಿನ ಕೆಲಸಗಳಿಗೆ ಹಳೆಯ ವ್ಯವಸ್ಥೆಯನ್ನು ಬಳಸಬೇಡಿ.

ಈ ಕ್ರಮಗಳನ್ನು ಅನುಸರಿಸಿದರೆ ಕೆಲವು ನೂರು ರೂಪಾಯಿಗಳ ವೆಚ್ಚದಲ್ಲಿ, ಎಕ್ಸ್‌ಟೆಂಡರ್ ಕೊಳ್ಳಬೇಕಾದರೆ ಇನ್ನಷ್ಟು ಸೇರಿಸಿ, ಹಳೆಯ ಯಂತ್ರವನ್ನು ಮತ್ತೆ ಕೆಲಸಕ್ಕೆ ಹಚ್ಚಬಹುದು. ಅಡಾಪ್ಟರ್ ಹೊಂದದೇ ಹೋದರೂ ವರ್ಷಗಟ್ಟಲೆ ಬರೆದಿಟ್ಟ ಲೆಕ್ಕಪತ್ರಗಳು ಪೆನ್ ಡ್ರೈವ್‌ನಲ್ಲಿ ಉಳಿದಿರುತ್ತವೆ. ಈ ಭಾನುವಾರ ಮಕ್ಕಳು ಊರಿಗೆ ಬಂದಾಗ ಅವರನ್ನು ಕೂಡಿಸಿಕೊಂಡು ಮೊದಲು ಆ ಕೆಲಸ ಮುಗಿಸಿರಿ.